ಮರದ ಹಂಚು, ಕಲ್ಲಿನ ಹಂಚು, ಮಣ್ಣಿನ ಹಂಚು
(ಧಾರವಾಡ ಸೀಮೆಯ ಇಳಿಜಾರು ಮಾಡುಗಳನ್ನು ಕುರಿತು)

ಐಹೊಳೆಯ ಲಾಡಖಾನ ಗುಡಿಯನ್ನು ತೋರಿಸಲು ವಿದ್ಯಾರ್ಥಿಗಳನ್ನು ಕರೆದುಕೊಂಡು ಹೋದಾಗಲೆಲ್ಲ ಒಂದು ಪ್ರಶ್ನೆ ತಪ್ಪದೆ ಬರುತ್ತದೆ. ಗುಡಿಯ ಮೇಲೆ ಇಳಿಜಾರಾಗಿ ಹೊದಿಸಿದ ಕಲ್ಲುಚಪ್ಪಡಿಗಳಿವೆ. ಒಂದು ಚಪ್ಪಡಿ ಮುಗಿದು ಮತ್ತೊಂದು ಆರಂಭವಾಗುವ ಕೂಡುಗೆರೆಯ ಮೇಲೆ ತೊಲೆಗಳಂತೆ ಕಾಣುವ ನೀಳವಾದ ಕಲ್ಲಿನ ಪಟ್ಟಿಗಳನ್ನು ಮಲಗಿಸಿದ್ದಾರೆ. ಇವು ಅಲಂಕಾರಕ್ಕೋ, ಭಾರಕ್ಕೋ, ಬೇರೆ ಯಾವ ಪ್ರಯೋಜನಕ್ಕೋ? ಮರದ ಕಟ್ಟಡದ ಅನುಕರಣವಿದು ಎಂಬ ಉತ್ತರ ಪುಸ್ತಕಗಳಲ್ಲಿ ದೊರೆಯುತ್ತದೆ. ಗುಡಿಯ ಕಾಲವನ್ನು ಹೆನ್ರಿ ಕಸಿನ್ಸ್ ಮೊದಲಾದ ಹಿಂದಿನ ವಿದ್ವಾಂಸರು ಐದನೆಯ ಶತಮಾನಕ್ಕೆ ಒಯ್ದಿದ್ದರು. ಈಚಿನವರು ಅದನ್ನು ಏಳನೆಯ ಶತಮಾನದ ಕೊನೆ ಅಥವಾ ಎಂಟನೆಯ ಶತಮಾನಕ್ಕೆ ಇಳಿಸಿದ್ದಾರೆ. ಕಾಲದ ವಿಷಯದಲ್ಲಿ ಮತಭೇದವಿದ್ದರೂ ಅನುಕರಣದ ವಿಷಯದಲ್ಲಿ ಹೆಚ್ಚಿನ ವಿವಾದವಿಲ್ಲ.

ಆದರೆ ಈ ಉತ್ತರ ಅರ್ಧ ಮಾತ್ರವೆಂದು ನನಗೆ ತೋರುತ್ತದೆ. ರೂಪ ಎಲ್ಲಿಂದ ಬಂದಿತೆಂಬುದನ್ನು ಅದು ಹೇಳುತ್ತದೆ. ಕಲ್ಲುಕುಟಿಗನು ಆ ರೂಪವನ್ನು ಏಕೆ ಉಳಿಸಿಕೊಂಡನೆಂಬುದನ್ನು ಹೇಳುವುದಿಲ್ಲ. ಎರಡು ಚಪ್ಪಡಿಗಳನ್ನು ಎಷ್ಟೇ ನಯವಾಗಿ ಕೆತ್ತಿ ಒಂದರ ಪಕ್ಕ ಒಂದನ್ನು ಕೂರಿಸಿದರೂ ನಡುವಿನ ಸಂದಿನಲ್ಲಿ ನೀರು ಇಳಿಯುತ್ತದೆ. ಸಂದಿನ ಮೇಲೆ ಇನ್ನೊಂದು ಕಲ್ಲು ಕವಿದರೆ ಆ ನೀರು ಎರಡೂ ಪಕ್ಕಕ್ಕೆ ಚೆದುರಿ ಚಪ್ಪಡಿಯ ಮೇಲೆಯೇ ಹರಿದುಹೋಗುತ್ತದೆ. ಅಂದರೆ ಅದು ಬಡಗಿಯ ವಿದ್ಯೆ. ಕಲ್ಲಿನಲ್ಲಿಯೂ ಅದೇ ಕೆಲಸ ಮಾಡುತ್ತಿದೆ.

ಈ ಹಳೆಯ ವಿದ್ಯೆಯನ್ನು ಮತ್ತೆ ನೆನೆಯುವ ಸಂದರ್ಭವೊಂದು ಇತ್ತೀಚೆಗೆ ಬಂದಿತು. ಪರಿಚಯದ ಅಧ್ಯಾಪಕರೊಬ್ಬರು ದಾಂಡೇಲಿಯ ಕಡೆಗೆ ಸ್ವಲ್ಪ ಜಮೀನು ಕೊಂಡು ಮನೆ ಕಟ್ಟಿಸಲು ಹೊರಟವರು, ಪರದೇಶದಿಂದ ತರಿಸುವ ಮರದ ಹಂಚನ್ನು ಮಾಡಿಗೆ ಹೊದಿಸಿದರೆ ಬಾಳಿಕೆ ಬಂದೀತೆ ಎಂದು ಕೇಳಿದರು. ಇತಿಹಾಸದ ಅಧ್ಯಾಪಕನನ್ನು ಕೇಳತಕ್ಕ ಪ್ರಶ್ನೆ ಇದಲ್ಲವೆಂದು ಮೊದಲು ಅನಿಸಿತು. ವಿಚಾರಿಸುತ್ತ ಹೋದಂತೆ ಇದೂ ಲಾಡಖಾನ ಗುಡಿಯ ಪ್ರಶ್ನೆಯೂ ಒಂದೇ ಎಂದು ತಿಳಿಯಿತು. ಮಳೆಯನ್ನು ತಡೆಯಲು ಮನುಷ್ಯನು ಎರಡು ಉಪಾಯಗಳನ್ನು ಕಂಡುಕೊಂಡಿದ್ದಾನೆ. ಒಂದು, ಎಲ್ಲಿಯೂ ಬಿರುಕಿಲ್ಲದ ಅಖಂಡವಾದ ಹೊದಿಕೆ. ನಮ್ಮ ಮಣ್ಣಿನ ಮಾಳಿಗೆಯೂ ಇಂದಿನ ಕಾಂಕ್ರೀಟು ಛಾವಣಿಯೂ ಈ ಜಾತಿಯವು. ಇನ್ನೊಂದು, ಚಿಕ್ಕ ಚಿಕ್ಕ ತುಣುಕುಗಳನ್ನು ಇಳಿಜಾರಿನಲ್ಲಿ ಒಂದರ ಮೇಲೊಂದು ಸ್ವಲ್ಪ ಸ್ವಲ್ಪವೇ ಕವಿಯುವಂತೆ ಜೋಡಿಸಿ ನೀರನ್ನು ಜಾರಿಸಿಬಿಡುವುದು. ಮೊದಲನೆಯದರಲ್ಲಿ ಒಂದು ಬಿರುಕು ಬಿಟ್ಟರೂ ಹೊದಿಕೆ ಸೋತಂತೆ. ಎರಡನೆಯದರಲ್ಲಿ ಸಂದುಗಳು ಸಾವಿರವಿದ್ದರೂ ಬಾಧೆಯಿಲ್ಲ. ಕೆಟ್ಟ ತುಣುಕನ್ನು ತೆಗೆದು ಬೇರೊಂದನ್ನು ಇಡಬಹುದು.

ಈ ಎರಡನೆಯ ಉಪಾಯದ ಅತ್ಯಂತ ಸರಳವಾದ ರೂಪವೇ ಮರದ ಹಂಚು. ಮರ ಹೇರಳವಾಗಿಯೂ ಹವೆ ತಂಪಾಗಿಯೂ ಇರುವ ನಾಡುಗಳಲ್ಲಿ ಇದು ಬಹುಕಾಲದಿಂದ ರೂಢಿಯಲ್ಲಿದೆ. ನಾರ್ವೆ ದೇಶದ ಬೋರ್ಗುಂಡ್ ಎಂಬಲ್ಲಿ ಹನ್ನೆರಡನೆಯ ಶತಮಾನದ ಕೊನೆಗೆ ಕಟ್ಟಿದ ಮರದ ಇಗರ್ಜಿಯೊಂದಿದೆ. ಅದರ ಮಾಡುಗಳಿಗೆ ಮರದ ಹಂಚನ್ನು ಹೊದಿಸಿ ಪೈನ್ ಮರದಿಂದ ಇಳಿಸಿದ ಡಾಂಬರನ್ನು ಕಾಲಕಾಲಕ್ಕೆ ಬಳಿಯುತ್ತ ಬಂದಿದ್ದಾರೆ. ನಮ್ಮ ದೇಶದಲ್ಲಿಯೇ ಕುಲು ಕಣಿವೆಯ ಮನಾಲಿಯಲ್ಲಿ 1553ರಲ್ಲಿ ಕಟ್ಟಿಸಿದ ಹಿಡಿಂಬಾ ದೇವಾಲಯದ ಕೆಳಗಿನ ಮೂರು ಮಾಡುಗಳಿಗೆ ಮರವೇ ಹೊದಿಕೆ. ಅಲ್ಲಿಯದು ದೇವದಾರು, ಪರದೇಶದಿಂದ ಈಗ ಬರುವುದು ಹೆಚ್ಚಾಗಿ ಕೆನಡಾದ ಕೆಂಪು ಸೀಡರ್. ಎರಡರಲ್ಲಿಯೂ ಹುಳು ಬೂಷ್ಟುಗಳಿಗೆ ರುಚಿಸದ ದ್ರವ್ಯವು ಸಹಜವಾಗಿ ತುಂಬಿಕೊಂಡಿರುತ್ತದೆ.

ಮರದ ಹಂಚಿನ ಬಾಳಿಕೆಯು ಮರದ ಜಾತಿಯಷ್ಟೇ ಅದನ್ನು ಸೀಳಿದ ಬಗೆಯನ್ನೂ ಅವಲಂಬಿಸಿದೆ. ಮೊದಲನೆಯದಾಗಿ ಅದು ಕೆಚ್ಚಿನಿಂದ ಬಂದಿರಬೇಕು; ತೊಗಟೆಗೆ ಹತ್ತಿದ ಬಿಳಿಯ ಭಾಗವು ಯಾವ ಮರದಲ್ಲಿಯೇ ಆಗಲಿ ಬೇಗನೆ ಕೊಳೆಯುತ್ತದೆ. ಎರಡನೆಯದಾಗಿ ನಡುತಿರುಳಿನಿಂದ ತೊಗಟೆಯ ಕಡೆಗೆ ಸೀಳಿದ ತುಣುಕಾಗಿರಬೇಕು. ಹಂಚಿನ ಕೊನೆಯನ್ನು ನೋಡಿದಾಗ ಮರದ ವರ್ಷವರ್ಷದ ಗೆರೆಗಳು ನೆಟ್ಟಗೆ ನಿಂತಂತೆ ಕಾಣಬೇಕು. ಅಡ್ಡಲಾಗಿ ಮಲಗಿದ್ದರೆ ಆ ತುಣುಕು ಬಿಸಿಲಿಗೆ ದೊನ್ನೆಯಂತೆ ಮುದುರುತ್ತದೆ. ಗರಗಸದಿಂದ ಕೊಯ್ದುದಕ್ಕಿಂತ ಕೊಡಲಿ ಉಳಿಗಳಿಂದ ಸೀಳಿದುದು ಮೇಲು. ಸೀಳು ಮರದ ನಾರಿನ ಜೊತೆಗೆ ಸಾಗುತ್ತದೆ. ನೀರು ನಾರಿನುದ್ದಕ್ಕೂ ಜಾರುತ್ತದೆ. ಗರಗಸ ನಾರನ್ನು ಅಲ್ಲಲ್ಲಿ ಕತ್ತರಿಸುವುದರಿಂದ ಕತ್ತರಿಸಿದ ಬಾಯಿಗಳು ನೀರನ್ನು ಕುಡಿಯುತ್ತವೆ. ಗಂಟುಗಳಿರುವ ತುಣುಕನ್ನು ಮಾಡಿಗೆ ಹಾಕಲೇಬಾರದು.

ಜೋಡಣೆಯ ಲೆಕ್ಕವೂ ತಿಳಿಯತಕ್ಕದ್ದೇ. ಹದಿನಾರು ಇಂಚು ಉದ್ದದ ಹಂಚಿನಲ್ಲಿ ಬಿಸಿಲಿಗೆ ಕಾಣುವುದು ಕೆಳಗಿನ ಐದು ಇಂಚು ಮಾತ್ರ. ಉಳಿದ ಹನ್ನೊಂದು ಇಂಚು ಮೇಲಿನ ಸಾಲುಗಳ ಕೆಳಗೆ ಅಡಗಿರುತ್ತದೆ. ಹೀಗೆ ಮಾಡಿನ ಯಾವ ಜಾಗದಲ್ಲಿ ಸೂಜಿ ಚುಚ್ಚಿದರೂ ಅದು ಮೂರು ಪದರಗಳನ್ನು ದಾಟಬೇಕಾಗುತ್ತದೆ. ಪಕ್ಕಪಕ್ಕದ ಹಂಚುಗಳ ನಡುವೆ ಕಾಲಿಂಚಿನಷ್ಟು ಎಡೆ ಬಿಡಬೇಕು, ಏಕೆಂದರೆ ಮಳೆಗಾಲದಲ್ಲಿ ಮರ ಅಗಲವಾಗುತ್ತದೆ. ಎಡೆಯಿಲ್ಲದಿದ್ದರೆ ಒಂದನ್ನೊಂದು ನೂಕಿ ಮೇಲೇಳುತ್ತವೆ. ಆ ಎಡೆಯು ಕೆಳಗಿನ ಸಾಲಿನ ಎಡೆಯ ನೇರಕ್ಕೆ ಬರದೆ ಒಂದೂವರೆ ಇಂಚಾದರೂ ಸರಿದಿರಬೇಕು. ಸೂರಿನ ಮೊದಲ ಸಾಲನ್ನು ಎರಡು ಪದರ ಹಾಕುವುದುಂಟು. ಪ್ರತಿ ಹಂಚಿಗೂ ಎರಡೇ ಮೊಳೆ, ಎರಡು ಅಂಚಿನ ಬಳಿ, ಮೇಲಿನ ಸಾಲು ಮುಚ್ಚುವ ಜಾಗದಲ್ಲಿ. ನಡುವೆ ಮೂರನೆಯದನ್ನು ಹೊಡೆದರೆ ಮರಕ್ಕೆ ಹಿಗ್ಗಲು ಕುಗ್ಗಲು ಅವಕಾಶವಿಲ್ಲದೆ ಸೀಳುತ್ತದೆ. ಸಾದಾ ಕಬ್ಬಿಣದ ಮೊಳೆ ಬೇಡ. ಸೀಡರಿನ ಒಗರು ಅದನ್ನು ತಿಂದುಹಾಕುತ್ತದೆ, ತಾಮ್ರದ್ದು ಅಥವಾ ತುಕ್ಕು ಹಿಡಿಯದ ಉಕ್ಕಿನದು ಬೇಕು. ಮೂರಡಿ ಅಡ್ಡಕ್ಕೆ ಒಂದಡಿಯಾದರೂ ಏರುವ ಇಳಿಜಾರಿಲ್ಲದೆ ಈ ಮೂರು ಪದರಗಳ ಹೊದಿಕೆಯನ್ನು ಯಾರೂ ಹಾಕಕೂಡದು. ಎಲ್ಲಕ್ಕಿಂತ ಮುಖ್ಯವಾದದ್ದು ಕೆಳಗಿನಿಂದ ಗಾಳಿ. ಹಂಚನ್ನು ಒತ್ತಾದ ಹಲಗೆಯ ಮೇಲೆ ಬಡಿಯದೆ ಎಡೆಬಿಟ್ಟ ರೀಪುಗಳ ಮೇಲೆ ಬಡಿದರೆ ನೆನೆದ ಮರ ಎರಡೂ ಮೈಯಿಂದ ಒಣಗುತ್ತದೆ. ಮರದಲ್ಲಿಯ ತೇವ ನೂರಕ್ಕೆ ಇಪ್ಪತ್ತನ್ನು ಮೀರಿ ಬಹುದಿನ ನಿಂತರೆ ಬೂಷ್ಟು ಹಿಡಿಯುತ್ತದೆ. ಒಣಗಿಸಬಲ್ಲ ಮಾಡು ಮಾತ್ರ ಬಾಳುತ್ತದೆ.

ಹೀಗಿದ್ದ ಮೇಲೆ, ಸಾಗುವಾನಿಯ ತವರಾದ ನಮ್ಮ ಘಟ್ಟದ ಸೀಮೆಯಲ್ಲಿ ಮರದ ಹಂಚು ಏಕೆ ರೂಢಿಗೆ ಬರಲಿಲ್ಲ? ಹಿಮಾಲಯದಲ್ಲಿಯೂ ನಾರ್ವೆಯಲ್ಲಿಯೂ ಚಳಿ ಬೂಷ್ಟನ್ನು ನಿದ್ರೆಗೆ ಕೆಡವುತ್ತದೆ. ಇಲ್ಲಿ ನಾಲ್ಕು ತಿಂಗಳು ಬೆಚ್ಚಗಿನ ತೇವ, ಉಳಿದ ಎಂಟು ತಿಂಗಳು ಮರವನ್ನು ಸೀಳುವ ಬಿಸಿಲು. ಬೆಂಕಿಯ ಭಯವೂ ಇತ್ತು. ಅಮೆರಿಕದ ಬರ್ಕ್ಲಿ ನಗರದಲ್ಲಿ 1923ರಲ್ಲಿ ಬೆಂಕಿಯು ಮನೆಯಿಂದ ಮನೆಗೆ ಹಾರಿದ್ದು ಮರದ ಹಂಚುಗಳ ಮೂಲಕವೇ. ಬೇಸಿಗೆಯಲ್ಲಿ ಒಲೆಯ ಕಿಡಿ ಹಾರುವ ನಮ್ಮ ಹಳ್ಳಿಗಳಲ್ಲಿ ಜನರು ಹುಲ್ಲಿನ ಮಾಡಿನ ಅಪಾಯವನ್ನು ಕಂಡವರು. ದುಡ್ಡು ಕೊಟ್ಟು ಅದೇ ಅಪಾಯವನ್ನು ಕೊಳ್ಳುವ ಕಾರಣವಿರಲಿಲ್ಲ. ಮೇಲಾಗಿ ಸಾಗುವಾನಿ ಬಡವರ ಕೈಗೆ ನಿಲುಕುವ ಮರವಾಗಿರಲಿಲ್ಲ. ಕೆನರಾದ ಸಾಗುವಾನಿ ಹಡಗುಗಳಿಗೆ ಹೋಗುತ್ತಿತ್ತು, ಬ್ರಿಟಿಷರ ಕಾಲದಲ್ಲಿ ಅದು ಸರಕಾರದ ಮರವೆನಿಸಿತು. ಆದಕಾರಣ ನಮ್ಮವರು ಮರವನ್ನು ಹೊದಿಕೆಯ ಕೆಳಗೆ ನೆರಳಿನಲ್ಲಿಟ್ಟರು; ಮಳೆಬಿಸಿಲುಗಳಿಗೆ ಕಲ್ಲನ್ನೋ ಮಣ್ಣನ್ನೋ ಒಡ್ಡಿದರು.

ಕಲ್ಲನ್ನು ಒಡ್ಡಿದುದಕ್ಕೆ ಐಹೊಳೆಗಿಂತಲೂ ಸ್ಪಷ್ಟವಾದ ನಿದರ್ಶನ ಕರಾವಳಿಯಲ್ಲಿದೆ. ಭಟ್ಕಳದ ಖೇತಪೈ ನಾರಾಯಣ ದೇವಾಲಯವು ಹದಿನಾರನೆಯ ಶತಮಾನದ್ದು. ಅದರ ಮೇಲೆ ದೊಡ್ಡ ದೊಡ್ಡ ಕಲ್ಲುಚಪ್ಪಡಿಗಳು ಮನೆಯ ಮಾಡಿನಂತೆ ಇಳಿಜಾರಾಗಿ ಮಲಗಿವೆ. ಮೂಡಬಿದಿರೆಯಲ್ಲಿ 1430ರ ಸುಮಾರಿಗೆ ಕಟ್ಟಿದ ಸಾವಿರ ಕಂಬದ ಬಸದಿಯಲ್ಲಿ ಕೆಳಗೆ ಕಲ್ಲು, ಮೇಲಂತಸ್ತಿನಲ್ಲಿ ಮರಗೆಲಸ. ಜೇಮ್ಸ್ ಫರ್ಗುಸನ್ 1876ರಲ್ಲಿ ಪ್ರಕಟಿಸಿದ ತನ್ನ ವಾಸ್ತುಶಿಲ್ಪದ ಇತಿಹಾಸದಲ್ಲಿ ಈ ಬಸದಿಗಳನ್ನು ನೇಪಾಳದ ಕಟ್ಟಡಗಳಿಗೆ ಹೋಲಿಸಿ, ಇಷ್ಟು ದೂರದ ಎರಡು ನಾಡುಗಳ ನಡುವೆ ಈ ಸಾಮ್ಯ ಹೇಗೆಂದು ಆಶ್ಚರ್ಯಪಟ್ಟಿದ್ದಾನೆ. ಜನಾಂಗದ ಸಂಬಂಧವನ್ನು ಹುಡುಕುವುದು ಆ ಕಾಲದ ವಿದ್ವಾಂಸರ ಚಟ. ಒಮ್ಮೆ ಆಷಾಢದಲ್ಲಿ ಮೂಡಬಿದಿರೆಯ ಅಂಗಳದಲ್ಲಿ ನಿಂತಿದ್ದರೆ ಅವನಿಗೆ ಅಷ್ಟು ಆಶ್ಚರ್ಯವಾಗುತ್ತಿರಲಿಲ್ಲವೇನೋ. ಎರಡು ಕಡೆಯಲ್ಲಿಯೂ ಮಳೆ ಜೋರು, ಮರ ಸಮೃದ್ಧ. ಬಡಗಿಗಳು ಒಂದೇ ತೊಡಕಿಗೆ ಒಂದೇ ಪರಿಹಾರವನ್ನು ಕಂಡರು.

ಈಗ ನಮ್ಮ ಧಾರವಾಡಕ್ಕೆ ಬರೋಣ. ಮಾಡುಗಳ ಇತಿಹಾಸದಲ್ಲಿ ಈ ಊರಿಗೆ ವಿಶೇಷ ಸ್ಥಾನವಿದೆ, ಏಕೆಂದರೆ ಇದು ಎರಡು ಬಗೆಯ ಮನೆಗಳ ಗಡಿಯ ಮೇಲೆ ಕೂತಿದೆ. ಪಶ್ಚಿಮಕ್ಕೆ ನೂರು ಕಿಲೋಮೀಟರಿನೊಳಗಿರುವ ಕ್ಯಾಸಲ್‌ರಾಕಿನಲ್ಲಿ ವರ್ಷಕ್ಕೆ ಹಲವು ಸಾವಿರ ಮಿಲಿಮೀಟರ್ ಮಳೆ. ಧಾರವಾಡದಲ್ಲಿ ಸುಮಾರು 750. ಪೂರ್ವಕ್ಕೆ ನವಲಗುಂದದ ಎರೆಭೂಮಿಗೆ ಹೋದರೆ ಇನ್ನೂ ಕಡಿಮೆ. ಕಲಘಟಗಿಯಿಂದ ಹೊರಟು ಹುಬ್ಬಳ್ಳಿಯ ಮೇಲೆ ನವಲಗುಂದದವರೆಗೆ ಹಳೆಯ ಮನೆಗಳನ್ನೇ ನೋಡುತ್ತ ಹೋದರೆ ಮಾಡು ಇಳಿಜಾರನ್ನು ಕಳೆದುಕೊಳ್ಳುತ್ತ ಕೊನೆಗೆ ಚಪ್ಪಟೆಯಾದ ಮಾಳಿಗೆಯಾಗಿ ಬಿಡುವುದನ್ನು ಕಾಣಬಹುದು.

ಮಾಳಿಗೆಯ ಮನೆಯನ್ನು ನಾನು ಹಗುರಾಗಿ ಕಾಣುವವನಲ್ಲ. ತೊಲೆಯ ಮೇಲೆ ಜಂತಿ, ಜಂತಿಯ ಮೇಲೆ ಹಲಗೆ ಅಥವಾ ಸೀಳುಕಟ್ಟಿಗೆ, ಅದರ ಮೇಲೆ ಒಂದಡಿಯವರೆಗೆ ಮಣ್ಣು, ಮೇಲುಹೊದಿಕೆಗೆ ಸವಳು ಮಣ್ಣು. ಬೆಳೆ ಬೆಳೆಯದ ಈ ಸವಳು ಮಣ್ಣನ್ನೇ ಆರಿಸುವುದರಲ್ಲಿ ದೊಡ್ಡ ಜಾಣತನವಿದೆ. ಅದರಲ್ಲಿಯ ಕ್ಷಾರದಿಂದಾಗಿ ನೀರು ತಗುಲಿದೊಡನೆ ಮಣ್ಣಿನ ಕಣಗಳು ಬಿಡಿಬಿಡಿಯಾಗಿ ಸಂದುಗಳಲ್ಲಿ ತುಂಬಿ ನೀರಿನ ದಾರಿಯನ್ನು ತಾವೇ ಮುಚ್ಚುತ್ತವೆ. ಸುಡುಬೇಸಿಗೆಯಲ್ಲಿ ಮಾಳಿಗೆಯ ಕೆಳಗಿನ ತಂಪನ್ನು ಬಲ್ಲವರೇ ಬಲ್ಲರು. ಆದರೆ ಒಂದಡಿ ಮಣ್ಣೆಂದರೆ ಚದರ ಮೀಟರಿಗೆ ನಾಲ್ಕೈದು ನೂರು ಕಿಲೋಗ್ರಾಮ್ ಭಾರ. ಮಳೆ ಹಿಡಿದು ನಿಂತರೆ ಅದು ಮತ್ತೂ ಹೆಚ್ಚುತ್ತದೆ. ಎರಡು ದಿನ ಸುರಿದು ಮೂರನೆಯ ದಿನ ಬಿಸಿಲು ಕೊಡುವ ಮಳೆಗೆ ಮಾಳಿಗೆ ಸಮರ್ಥ. 2019ರ ಆಗಸ್ಟಿನಲ್ಲಿ ಬಿಡುವಿಲ್ಲದೆ ಸುರಿದಾಗ ಉತ್ತರ ಕರ್ನಾಟಕದ ಉದ್ದಕ್ಕೂ ಮಣ್ಣಿನ ಮನೆಗಳು ಕುಸಿದುದನ್ನು ಎಲ್ಲರೂ ಕಂಡಿದ್ದಾರೆ.

ಗಡಿಯನ್ನು ಪೂರ್ವಕ್ಕೆ ಸರಿಸಿದ್ದು ಮಂಗಳೂರು ಹಂಚು. ಅದಕ್ಕೆ ಮೊದಲು ಕುಂಬಾರನು ತಿಗರಿಯ ಮೇಲೆ ಮಾಡಿ ಸೀಳುತ್ತಿದ್ದ ನಾಡಹಂಚು ಪಡುವಣ ಹಳ್ಳಿಗಳಲ್ಲಿತ್ತು. ಮಂಗ ಓಡಾಡಿದರೆ, ಬಲವಾದ ಗಾಳಿ ಬೀಸಿದರೆ ಅದು ಜಾರುತ್ತದೆ. ಆಲ್ಸೇಸ್ ಪ್ರಾಂತದ ಗಿಲಾರ್ಡೋನಿ ಸಹೋದರರು ಅಂಚುಗಳಲ್ಲಿ ಏರುತಗ್ಗುಗಳನ್ನು ಮಾಡಿ ಒಂದರೊಳಗೊಂದು ಕಚ್ಚಿಕೊಳ್ಳುವ ಹಂಚನ್ನು 1841ರಲ್ಲಿ ರೂಪಿಸಿದರು. ಈ ಬಗೆಯ ಹಂಚನ್ನು ಬಾಸೆಲ್ ಮಿಶನ್ನಿನವರು 1865ರಲ್ಲಿ ಮಂಗಳೂರಿನಲ್ಲಿ ಕಾರ್ಖಾನೆ ತೆರೆದು ನೇತ್ರಾವತಿ ಸೀಮೆಯ ಜೇಡಿಯಿಂದ ಮಾಡತೊಡಗಿದರು. ಕಾರ್ಖಾನೆಯನ್ನು ನಿಲ್ಲಿಸಿದವನು ಜಾರ್ಜ್ ಪ್ಲೆಬ್‌ಸ್ಟ್ ಎಂಬ ಯಂತ್ರಕುಶಲಿ. ಮಿಶನ್ನು ಧಾರವಾಡಕ್ಕೆ 1837ರಲ್ಲಿಯೇ ಬಂದಿದ್ದರೂ ಹಂಚಿನಂಥ ಭಾರದ ಸರಕು ಘಟ್ಟವನ್ನು ಹತ್ತಿ ಬರುವುದು ಸುಲಭವಾದದ್ದು 1880ರ ದಶಕದಲ್ಲಿ ಸದರ್ನ್ ಮರಾಠಾ ರೈಲು ಈ ಭಾಗಕ್ಕೆ ಬಂದ ಮೇಲೆ.

ಇಲ್ಲಿ ಇತಿಹಾಸದ ವಿದ್ಯಾರ್ಥಿಗಳಿಗೆ ಒಂದು ಎಚ್ಚರಿಕೆ. ಹಳೆಯ ಹಂಚಿನ ಒಳಮೈಯಲ್ಲಿ ಬಾಸೆಲ್ ಮಿಶನ್ನಿನ ಹೆಸರಿನೊಡನೆ 1865 ಎಂಬ ಅಂಕಿಯನ್ನು ಕಂಡು, ತಮ್ಮ ಮನೆ ಆ ವರ್ಷದ್ದೆಂದು ಹೆಮ್ಮೆಯಿಂದ ಹೇಳುವವರು ಬಹಳ. ಅದು ಕಾರ್ಖಾನೆ ಸ್ಥಾಪನೆಯಾದ ವರ್ಷ. ಹಂಚು ಸುಟ್ಟ ವರ್ಷವಲ್ಲ. ಅಂಕಿಗಿಂತ ಹೆಸರು ಹೆಚ್ಚು ಉಪಯುಕ್ತ. ಮೊದಲನೆಯ ಮಹಾಯುದ್ಧದ ತರುವಾಯ ಮಿಶನ್ನಿನ ಕಾರ್ಖಾನೆಗಳು ಕಾಮನ್‌ವೆಲ್ತ್ ಟ್ರಸ್ಟಿನ ಕೈಗೆ ಹೋದವು. ಆದ್ದರಿಂದ ಟ್ರಸ್ಟಿನ ಹೆಸರುಳ್ಳ ಹಂಚು ಯುದ್ಧಕ್ಕಿಂತ ಹಿಂದಿನದಾಗಿರಲಾರದು. ಕಾಗದಪತ್ರವಿಲ್ಲದ ಮನೆಗೆ ಕಾಲ ಹೇಳಲು ಇಂಥ ಆಧಾರ ಅಪರೂಪ. ಆದರೆ ಮನೆಗಿಂತ ಹಂಚು ಕಿರಿದಾಗಿರಬಹುದು, ಬೇರೆ ಮನೆಯಿಂದ ತಂದದ್ದೂ ಇರಬಹುದು.

ಮಂಗಳೂರು ಹಂಚು ಚದರ ಮೀಟರಿಗೆ ಸುಮಾರು ಹದಿನೈದು ಹಿಡಿಯುತ್ತದೆ. ಭಾರ ನಲವತ್ತು ಕಿಲೋಗ್ರಾಮಿನ ಆಸುಪಾಸು, ಮಾಳಿಗೆಯ ಹತ್ತನೆಯ ಒಂದು ಪಾಲು. ದಪ್ಪ ಜಂತಿಗಳ ಬದಲು ತೆಳುವಾದ ಪಕಾಸಿಗಳು ಸಾಕಾದುದು ಇದರಿಂದಲೇ. ಕೊಳ್ಳುವಾಗ ಬೆರಳಿನಿಂದ ಬಡಿದು ನೋಡುವ ಪದ್ಧತಿ ಸುಳ್ಳಲ್ಲ. ಚೆನ್ನಾಗಿ ಬೆಂದದ್ದು ಕಂಚಿನಂತೆ ಉಲಿಯುತ್ತದೆ, ಬೇಯದ್ದು ಮಂಕಾಗಿ ಸದ್ದುಮಾಡುತ್ತದೆ ಮತ್ತು ನೀರು ಕುಡಿಯುತ್ತದೆ. ಎರಡಡಿ ಅಡ್ಡಕ್ಕೆ ಒಂದಡಿ ಏರು ಕನಿಷ್ಠ. ಧಾರವಾಡದಿಂದ ಪಶ್ಚಿಮಕ್ಕೆ ಹೋದಂತೆ ಅದಕ್ಕಿಂತ ಹೆಚ್ಚಿರಬೇಕು. ಅದಕ್ಕೂ ಕಡಿಮೆಯಾದರೆ ಎರಚಲು ಹೊಡೆದಾಗ ಗಾಳಿಯೇ ನೀರನ್ನು ಹಂಚಿನ ಕೆಳಗೆ ಏರಿಸುತ್ತದೆ. ರೀಪುಗಳ ಅಂತರ ಒಂದಡಿಗೆ ಸ್ವಲ್ಪ ಹೆಚ್ಚು. ಆದರೆ ಪುಸ್ತಕದ ಅಳತೆಗಿಂತ ತಂದ ಹಂಚನ್ನೇ ಎರಡು ಸಾಲು ಇಟ್ಟು ಅಳೆಯುವುದು ಲೇಸು, ಕಾರ್ಖಾನೆಯಿಂದ ಕಾರ್ಖಾನೆಗೆ ವ್ಯತ್ಯಾಸವಿದೆ.

ಆದರೂ ಹಂಚಿನ ಮಾಡಿನ ಆಯುಷ್ಯ ಹಂಚಿನಲ್ಲಿಲ್ಲ, ಅದರ ಕೆಳಗಿನ ಮರದಲ್ಲಿದೆ. ಸಾಗುವಾನಿಯ ಕೆಚ್ಚಿಗೆ ಗೆದ್ದಲು ಸುಲಭವಾಗಿ ಬಾಯಿ ಹಾಕುವುದಿಲ್ಲ. ಹೊನ್ನೆಯೂ ಒಳ್ಳೆಯದೇ, ಆದರೆ ತೇವ ತಗುಲಿದರೆ ಹಳದಿ ಬಣ್ಣ ಬಿಟ್ಟು ಸುಣ್ಣದ ಗೋಡೆಯನ್ನು ಕಲೆಮಾಡುತ್ತದೆ. ಮತ್ತಿ ಗಟ್ಟಿ, ಅವಸರದಲ್ಲಿ ಬಿಸಿಲಿಗೆ ಒಣಗಿಸಿದರೆ ಬಿರಿಯುತ್ತದೆ, ನೆರಳಿನಲ್ಲಿ ಎಡೆಕಟ್ಟಿಗೆ ಇಟ್ಟು ಸಾವಕಾಶವಾಗಿ ಒಣಗಿಸಬೇಕು. ಯಾವ ಮರವಾದರೂ ಗೋಡೆಯ ಮೇಲೆ ಕೂರುವ ತುದಿಯನ್ನು ಗಾರೆಯಲ್ಲಿ ಹೂಳಿಬಿಟ್ಟರೆ ಅಲ್ಲಿಂದಲೇ ಕೊಳೆ ಆರಂಭವಾಗುತ್ತದೆ.

ಇದನ್ನು ನಾನು ಓದಿ ಕಲಿತದ್ದಲ್ಲ. ಕಲಘಟಗಿಯ ಕಡೆಗಿರುವ ನಮ್ಮ ಹಿರಿಯರ ಮನೆಯ ಮಾಡು ಒಂದು ವರ್ಷ ಅಲ್ಲಲ್ಲಿ ಸೋರಿತು. ಊರಿಗೆ ಬಂದ ಗೌಂಡಿಯೊಬ್ಬನ ಮಾತು ಕೇಳಿ, ಹಂಚುಗಳ ಸಂದಿಗೆಲ್ಲ ಸಿಮೆಂಟು ಮೆತ್ತಿಸಿ, ಸೂರಿನ ಕಡೆಯನ್ನೂ ಮುಚ್ಚಿಸಿದೆವು. ಮೊದಲ ಮಳೆಗಾಲದಲ್ಲಿ ಒಂದು ಹನಿಯೂ ಬೀಳಲಿಲ್ಲ. ನಮಗೆ ನಾವೇ ಭೇಷ್ ಎಂದುಕೊಂಡೆವು. ಬೇಸಿಗೆಯ ಕಾವಿಗೆ ಸಿಮೆಂಟು ಕೂದಲೆಳೆಯಷ್ಟು ಬಿರುಕು ಬಿಟ್ಟಿತ್ತು. ಅದರಲ್ಲಿ ಇಳಿದ ನೀರಿಗೆ ಹೊರಗೆ ಹೋಗಲು ದಾರಿಯಿಲ್ಲ, ಗಾಳಿಗೆ ಒಳಗೆ ಬರಲು ದಾರಿಯಿಲ್ಲ. ಮೂರನೆಯ ವರ್ಷ ಗೋಡೆಯ ಮೇಲೆ ಪಕಾಸಿಯ ತುದಿಗಳು ಬೆರಳಿಟ್ಟರೆ ಇಳಿಯುವಷ್ಟು ಮೆತ್ತಗಾದವು. ಬಿಚ್ಚಲು ಬಂದ ಮುದಿ ಬಡಿಗನು ಸಿಮೆಂಟು ಹತ್ತಿ ಒಡೆದ ಹಂಚುಗಳನ್ನು ಅಂಗಳದಲ್ಲಿ ಒಟ್ಟುತ್ತ, “ಸೋರತಿದ್ದದ್ದು ನಾಕು ಹಂಚರೀ ಸರ. ನಾಕು ಹಂಚ ಬದಲಿ ಮಾಡಿದ್ದರ ಮುಗೀತಿತ್ತು. ನೀರಿಗೆ ದಾರಿ ಬಿಡಬೇಕರಿ, ಅಡ್ಡಗಟ್ಟಿದರ ಅದು ಮನಿಯೊಳಗ ದಾರಿ ಹುಡಕತದ” ಎಂದನು. ಕೊಳೆತ ತುದಿಗಳನ್ನು ಕೊಯ್ದ ಮೇಲೆ ಉಳಿದ ಸಾಗುವಾನಿ ಹೊಸದರಂತೆ ಇತ್ತು. ನಮ್ಮ ಅಜ್ಜನ ಕಾಲದ ಮರ; ಅದನ್ನು ಕೆಡಿಸಿದ್ದು ಮಳೆಯಲ್ಲ, ನಾವು.

ಹುಬ್ಬಳ್ಳಿ ಧಾರವಾಡಗಳಲ್ಲಿ ಈಗ ಹಳೆಯ ಹಂಚಿನ ಮನೆಗಳು ವರ್ಷವರ್ಷವೂ ಇಳಿಯುತ್ತಿವೆ. ಮನೆಯವರನ್ನು ನಾನು ದೂರಲಾರೆ. ಒಂದರ ಮೇಲೊಂದು ಅಂತಸ್ತು ಬೇಕೆಂಬವರಿಗೆ ಕಾಂಕ್ರೀಟಿಗೆ ಬದಲಿಲ್ಲ. ಆದರೆ ಸೋರುತ್ತದೆಂಬ ಒಂದೇ ಕಾರಣಕ್ಕೆ ಕೆಡವುವವರು ಮೊದಲು ಬಡಿಗನೊಬ್ಬನನ್ನು ಮಾಡಿನ ಮೇಲೆ ಹತ್ತಿಸಿ ನೋಡುವುದು ಒಳಿತು. ಕಾಡು ಕಡಿಯುವುದಕ್ಕೆ ನಿರ್ಬಂಧಗಳು ಬಂದಿವೆ, ಮಂಗಳೂರಿನ ಹಂಚಿನ ಕಾರ್ಖಾನೆಗಳಲ್ಲಿ ಅನೇಕ ಮುಚ್ಚಿವೆ. ಇಂದು ಬಿಚ್ಚಿದ ಮಾಡನ್ನು ನಾಳೆ ಅದೇ ಬೆಲೆಗೆ ಮತ್ತೆ ಕಟ್ಟಲಾಗದು.

ದಾಂಡೇಲಿಯ ಕಡೆಯ ಮಿತ್ರರಿಗೆ ನಾನು ಹೇಳಿದ್ದಿಷ್ಟು. ಮರದ ಹಂಚು ಹಗುರ, ಮಂಗಳೂರು ಹಂಚಿನ ಸುಮಾರು ನಾಲ್ಕನೆಯ ಒಂದು ಪಾಲು ಭಾರ; ನೋಡಲು ಚೆಂದ. ಆದರೆ ಮರದ ನೆರಳು ಬೀಳುವ, ಎಲೆ ಉದುರಿ ಕೊಳೆಯುವ, ಪಾಚಿ ಕಟ್ಟುವ ಜಾಗದಲ್ಲಿ ಅದು ಒಣಗುವುದು ಯಾವಾಗ? ಹಾಕಲೇಬೇಕೆಂದಿದ್ದರೆ ತೆರೆದ ಬಿಸಿಲಿನ ಜಾಗದಲ್ಲಿ ಕಡಿದಾದ ಇಳಿಜಾರು ಕೊಟ್ಟು, ಒಲೆಯ ಹೊಗೆಗೊಳವೆಯಿಂದ ದೂರದಲ್ಲಿ, ಚಿಕ್ಕದೊಂದು ಪಡಸಾಲೆಗೆ ಹಾಕಿ ಹತ್ತು ಮಳೆಗಾಲ ನೋಡಲಿ. ಮನೆಗೆ ಮಂಗಳೂರು ಹಂಚೇ ಇರಲಿ; ದುಡ್ಡನ್ನು ಕೆಳಗಿನ ಮರಕ್ಕೆ ಹಾಕಲಿ. ಹಳೆಯ ಮನೆ ಬಿಚ್ಚಿದ ಕಡೆ ಸಾಗುವಾನಿಯ ಪಕಾಸಿಗಳು ಸಿಕ್ಕರೆ ಮೊಳೆ ಕಿತ್ತು, ತುದಿ ಪರೀಕ್ಷಿಸಿ ಕೊಳ್ಳಬಹುದು. ಅಷ್ಟು ಚೆನ್ನಾಗಿ ಒಣಗಿದ ಮರ ಅಡ್ಡೆಯಲ್ಲಿ ಸಿಗಲಾರದು.

ವಿದ್ಯಾರ್ಥಿಗಳಿಗೆ ಒಂದು ಕೆಲಸವಿದೆ. ಹಂಚು ಕೈಯಾಡಿಸುವ ಕೆಲಸ ರೋಹಿಣಿ ಮಳೆಗೆ ಮೊದಲು, ಮೇ ತಿಂಗಳಲ್ಲಿ ನಡೆಯುತ್ತದೆ. ಕಾಲೇಜಿಗೆ ಆಗ ಬಿಡುವು. ನಿಮ್ಮೂರಿನಲ್ಲಿ ಮಾಡು ಬಿಚ್ಚುವ ಮನೆಯಿದ್ದರೆ ಹೋಗಿ ನಿಲ್ಲಿರಿ. ಹಂಚಿನ ಒಳಮೈಯ ಅಚ್ಚನ್ನು ಕಾಗದದ ಮೇಲೆ ಪೆನ್ಸಿಲಿನಿಂದ ತಿಕ್ಕಿ ತೆಗೆದುಕೊಳ್ಳಿರಿ. ಯಾವ ಮರವೆಂದು ಬಡಿಗನನ್ನು ಕೇಳಿರಿ. ಪ್ರತಿಯೊಂದು ಭಾಗಕ್ಕೂ ಅವನು ಬಳಸುವ ಹೆಸರನ್ನು ಅವನ ಬಾಯಲ್ಲಿದ್ದಂತೆಯೇ ಬರೆದುಕೊಳ್ಳಿರಿ, ತಿದ್ದಬೇಡಿರಿ. ಇಳಿಜಾರನ್ನು ಅಳೆಯಲು ಯಂತ್ರ ಬೇಡ. ಮಾಡಿನ ನೆತ್ತಿಯಿಂದ ತೂಗುಗುಂಡು ಬಿಟ್ಟು ಸೂರಿನ ಮಟ್ಟದವರೆಗಿನ ಎತ್ತರವನ್ನೂ, ಅಲ್ಲಿಂದ ಸೂರಿನ ತುದಿಯವರೆಗಿನ ಅಡ್ಡ ಅಳತೆಯನ್ನೂ ದಾರದಿಂದ ಹಿಡಿದು ಬರೆದರೆ ಸಾಕು.